ಮೂಕಿ 'ಕಾರ್ಮೆನ್'ಗೆ ಪಿಯಾನೊ ನುಡಿಸಿದ ನನ್ನ ಅನುಭವ

1915ರ ಮೂಕಿ 'ಕಾರ್ಮೆನ್' ಪ್ರದರ್ಶನಕ್ಕೆ ಪಿಯಾನೊ ನುಡಿಸಲು ಒಪ್ಪಿಕೊಂಡೆ. ಅದೇ ಹೆಸರಿನಲ್ಲಿ ಫ್ರೆಂಚ್ ಸಂಗೀತಗಾರ ಬಿಜೆ ಬರೆದ ಒಪೆರಾ, ಅಂದರೆ ಸಂಗೀತ ನಾಟಕ, ನನಗೆ ಚೆನ್ನಾಗಿ ಗೊತ್ತು. ಆದರೆ ಒಪೆರಾ ಎರಡೂವರೆ ಗಂಟೆಗೂ ಜಾಸ್ತಿ, ಸಿನಿಮಾ ಹೆಚ್ಚು ಕಡಿಮೆ ಒಂದು ಗಂಟೆ. ಕತೆಯೂ ಪೂರ್ತಿ ಅದೇ ಅಲ್ಲ. ಒಪೆರಾ ಸಾಹಿತ್ಯದ ಹಕ್ಕು ದುಬಾರಿಯಾಗಿತ್ತು. ಹಾಗಾಗಿ ನಿರ್ದೇಶಕ ಸೆಸಿಲ್ ಬಿ. ಡಿಮಿಲ್ ಅವರ ಅಣ್ಣ ವಿಲಿಯಂ, ಫ್ರೆಂಚ್ ಲೇಖಕ ಮೆರಿಮೆಯ ಮೂಲ ಕತೆ ಹಿಡಿದು ಚಿತ್ರಕತೆ ಬರೆದರು. ಒಪೆರಾದಲ್ಲಿರುವ ಹಳ್ಳಿ ಹುಡುಗಿ ಮಿಕಾಯೆಲಾ ಅದರಲ್ಲಿ ಇಲ್ಲ. ಅವಳ ಹಾಡು ನನಗೆ ತುಂಬಾ ಇಷ್ಟ, ಆದರೂ ಬಿಟ್ಟೆ.

ಮೊದಲು ಸಿನಿಮಾವನ್ನು ಸುಮ್ನೆ ನೋಡಿದೆ, ಸದ್ದಿಲ್ಲದೆ, ಮತ್ತೆ ಮತ್ತೆ. ಕಾರ್ಮೆನ್ ಆಗಿರುವ ಜೆರಾಲ್ಡಿನ್ ಫರಾರ್ ಒಪೆರಾ ಗಾಯಕಿ. 1914ರಲ್ಲಿ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಒಪೆರಾದಲ್ಲಿ ಇದೇ ಪಾತ್ರ ಹಾಡಿದ್ದವರು. ಇಲ್ಲಿ ಅವರಿಗೆ ದನಿಯಿಲ್ಲ, ಮೈಯಷ್ಟೇ ಇದೆ. ತಂಬಾಕು ಕಾರ್ಖಾನೆಯ ಜಗಳದಲ್ಲಿ ಅವರು ನಿಜಕ್ಕೂ ಮೈಮೇಲೆ ಬಿದ್ದು ಹೊಡೆದಾಡುತ್ತಾರೆ. ಅಲ್ಲಿ ರಾಗ ನುಡಿಸಿದರೆ ಕೆಡುತ್ತದೆ ಅನ್ನಿಸಿತು. ಕೆಳಗಿನ ಸ್ವರಗಳಲ್ಲಿ ಒರಟು ಹೊಡೆತ ಮಾತ್ರ ಇಟ್ಟೆ. ಚಿತ್ರ ಯಾವ ವೇಗದಲ್ಲಿ ಓಡುತ್ತದೆ ಅಂತ ಮೊದಲೇ ಕೇಳಿಕೊಳ್ಳಿ. ಆ ಕಾಲದ ಮೂಕಿಯನ್ನು ಈಗಿನ ವೇಗದಲ್ಲಿ ಓಡಿಸಿದರೆ ಜಗಳ ಗಡಿಬಿಡಿಯಾಗಿ ಕಾಣುತ್ತದೆ, ನಿಮ್ಮ ಲೆಕ್ಕವೂ ತಪ್ಪುತ್ತದೆ.

ಒಪೆರಾದಲ್ಲಿ ಕಾರ್ಮೆನ್ ಹಾಡುವ ಹಬನೇರಾ ಎಲ್ಲರಿಗೂ ಗೊತ್ತು, ಅದೇ ಕಷ್ಟ. ಶುರುವಿನಲ್ಲೇ ನುಡಿಸಿದರೆ ಜನ ತಲೆಯಾಡಿಸುತ್ತಾ ಪರದೆ ಮರೆತುಬಿಡುತ್ತಾರೆ. ಕಳ್ಳಸಾಗಣೆ ಮಾಲು ದಾಟಿಸಲು ಕಾರ್ಮೆನ್, ಕಾವಲಿಗಿದ್ದ ಸೈನಿಕ ಹೋಸೆಯನ್ನು ಮರುಳು ಮಾಡುತ್ತಾಳಲ್ವಾ, ಅಲ್ಲಿ ಎಡಗೈಯಲ್ಲಿ ಅದರ ತಾಳ ಮಾತ್ರ ನುಡಿಸಿದೆ. ರಾಗವನ್ನು ತಡೆದಿಟ್ಟೆ. ಅವನು ಸೋತ ಮೇಲೆಯೇ ಬಲಗೈಗೆ ಬಿಟ್ಟೆ.

ಕೊನೆ ದೃಶ್ಯಕ್ಕೆ ಜಾಸ್ತಿ ಸಮಯ ಹಿಡಿಯಿತು. ಒಪೆರಾದಲ್ಲಿ ಅಖಾಡದ ಒಳಗೆ ಜನ ಗೂಳಿಕಾಳಗದ ವೀರನನ್ನು ಹೊಗಳಿ ಹಾಡುತ್ತಿರುತ್ತಾರೆ. ಹೊರಗೆ ಹೋಸೆ ಕಾರ್ಮೆನ್‌ಳನ್ನು ಕೊಲ್ಲುತ್ತಾನೆ. ಎರಡನ್ನೂ ಒಂದೇ ಪಿಯಾನೊದಲ್ಲಿ ಕೇಳಿಸಬೇಕು. ಆ ಹಾಡನ್ನು ಬಲಗೈಯಲ್ಲಿ ಮೇಲಿನ ಸ್ಥಾಯಿಯಲ್ಲಿ, ದೂರದಿಂದ ಬಂದಂತೆ ಮೆಲ್ಲಗೆ ಇಟ್ಟೆ. ಕಾರ್ಮೆನ್‌ಳ ವಿಧಿಯನ್ನು ಸೂಚಿಸಲು ಒಪೆರಾದಲ್ಲಿ ಮತ್ತೆ ಮತ್ತೆ ಬರುವ ಪುಟ್ಟ ರಾಗ ಎಡಗೈಯಲ್ಲಿ. ಚಾಕು ಬಂದಾಗ ಎಡಗೈಯ ದನಿ ಜೋರಾಗುತ್ತದೆ. ಕೊನೆಯ ಸ್ವರಮೇಳ ಬಿಜೆ ಬರೆದಂತೆ ಎಫ್ ಶಾರ್ಪ್ ಮೇಜರ್, ಅಂದರೆ ಕೇಳಲು ಹರ್ಷದ್ದು. ಸಾವಿಗೆ ದುಃಖದ ಛಾಯೆಯ ಮೈನರ್ ಚೆನ್ನ ಅಂತ ಗೆಳೆಯರೊಬ್ಬರು ಹೇಳಿದರು. ನಾನು ಬದಲಿಸಲಿಲ್ಲ. ಒಳಗಿನ ಜನಕ್ಕೆ ಅದಿನ್ನೂ ಹಬ್ಬವೇ.