ಹನ್ನೆರಡು ವ್ಯಾಟ್ ಬೆಳಕಿಗೆ ಬಂದ ಪತಂಗಗಳು

ರಾತ್ರಿ ಬಿಳಿ ಬಟ್ಟೆ ಕಟ್ಟಿ, ಬೆಳಕು ಹಾಯಿಸಿ ಪತಂಗಗಳನ್ನು ಕರೆಯುವ ಪರದೆಗೆ 160 ವ್ಯಾಟಿನ ಪಾದರಸ ಬಲ್ಬೇ ಆಗಬೇಕು, ಎಲ್‌ಇಡಿಯಿಂದ ಏನೂ ಆಗದು ಎಂದಿದ್ದ ಗೆಳೆಯರಿಗೆ ಈ ಮಳೆಗಾಲದ ಫೋಟೋಗಳೇ ಉತ್ತರ. ಶಿರಸಿ ಕಡೆಯ ನಮ್ಮ ಅಡಿಕೆ ತೋಟದ ಅಂಚಿನಲ್ಲಿ ಹನ್ನೆರಡು ವ್ಯಾಟ್ ಬೆಳಕಿಗೆ ಒಂದೇ ರಾತ್ರಿ ಹತ್ತಿರಹತ್ತಿರ ನೂರು ಬಗೆಯ ಪತಂಗಗಳು ಬಂದು ಕುಳಿತವು. ಸೂಜಿ ಚುಚ್ಚಿ ಪೆಟ್ಟಿಗೆಯಲ್ಲಿಡುವವನು ನಾನಲ್ಲ. ನನ್ನ ಸಂಗ್ರಹವೆಲ್ಲ ಫೋಟೋದಲ್ಲೇ.

ಪಾದರಸ ಬಲ್ಬಿಗೆ ಸುರಿದ ದುಡ್ಡು ಕಡಿಮೆಯಲ್ಲ. ಕಾದ ಗಾಜಿಗೆ ಒಂದು ಹನಿ ಬಿದ್ದರೆ ಸಾಕು, ಟಪ್ಪೆಂದು ಒಡೆಯುತ್ತದೆ. ತಗಡಿನ ಮರೆ ಕಟ್ಟಿದರೆ ಪರದೆಯ ಅರ್ಧ ಕತ್ತಲು. ಮಳೆಗೆ ಕರೆಂಟು ಹೋಗಿ ಬಂದರೂ ಬಲ್ಬು ತಣಿಯುವ ತನಕ ಹೊತ್ತುವುದಿಲ್ಲ. ಜನರೇಟರ್ ಬಾಡಿಗೆ, ಪೆಟ್ರೋಲ್ ಸೇರಿ ರಾತ್ರಿಗೆ ಸಾವಿರ ದಾಟುತ್ತಿತ್ತು.

ಮೊದಲು ತರಿಸಿದ ಅಗ್ಗದ ನೇರಳೆ ಎಲ್‌ಇಡಿ ಪಟ್ಟಿ 395 ನ್ಯಾನೊಮೀಟರ್ ಅಲೆಯುದ್ದದ ಬೆಳಕಿನದು. ಅದಕ್ಕೆ ಬಂದದ್ದು ಬರೀ ಮಳೆಹುಳು. ಆರುನೂರು ರೂಪಾಯಿ ನೀರಿಗೆ ಹೋಯಿತು. ಆಮೇಲೆ 365 ನ್ಯಾನೊಮೀಟರಿನ, ಅಂದರೆ ಕಣ್ಣಿಗೆ ಅಷ್ಟಾಗಿ ಕಾಣದ ಅತಿನೇರಳೆ ಬೆಳಕಿನ, ಮೂರು ಮೂರು ವ್ಯಾಟಿನ ನಾಲ್ಕು ಬಿಡಿ ಎಲ್‌ಇಡಿಗಳನ್ನು ಅಲ್ಯೂಮಿನಿಯಂ ಕೊಳವೆಗೆ ಅಂಟಿಸಿ, ಔಷಧಿ ಹೊಡೆಯುವ ಪಂಪಿನ 12 ವೋಲ್ಟ್ ಬ್ಯಾಟರಿಗೆ ಜೋಡಿಸಿದೆ. ಬ್ಯಾಟರಿ ಮನೆಯಲ್ಲೇ ಇತ್ತು. ಉಳಿದದ್ದೆಲ್ಲ ಎರಡೂವರೆ ಸಾವಿರದೊಳಗೆ. ನಸುಕಿನವರೆಗೂ ಉರಿಯುತ್ತದೆ. ಕಣ್ಣಿಗೆ ರಕ್ಷಣೆಯ ಕನ್ನಡಕ ಕಡ್ಡಾಯ.

ಬಟ್ಟೆಯ ಪಾತ್ರವೂ ದೊಡ್ಡದು. ಪಾಲಿಯೆಸ್ಟರಿನ ಮೇಲೆ ಪತಂಗಗಳ ಕಾಲು ಜಾರುತ್ತದೆ. ಹತ್ತಿಯ ಬಿಳಿ ಪಂಚೆಯನ್ನು ಬಿಳುಪು ಕೊಡುವ ಸೋಪಿನ ಪುಡಿಯಲ್ಲಿ ಒಗೆದು ಕಟ್ಟಿದರೆ ಬಟ್ಟೆಯೇ ತಿಳಿನೀಲಿಯಾಗಿ ಬೆಳಗುತ್ತದೆ. ದೀಪವನ್ನು ಯಾವ ಕೋನದಲ್ಲಿ ಇಡುತ್ತೇನೆ ಎಂಬುದನ್ನು ಮಾತ್ರ ಸದ್ಯಕ್ಕೆ ಹೇಳುವುದಿಲ್ಲ. ಅದನ್ನು ಕಂಡುಕೊಳ್ಳಲು ನನಗೆ ಎರಡು ಮಳೆಗಾಲ ಹಿಡಿಯಿತು.

ಅಮಾವಾಸ್ಯೆಯ ಆಸುಪಾಸು, ಗಾಳಿಯಿಲ್ಲದೆ ಜಿಟಿಜಿಟಿ ಮಳೆಯಿದ್ದ ರಾತ್ರಿ, ಒಂದು ಗಂಟೆಯ ಮೇಲೆ ಚಂದ್ರ ಪತಂಗ ಬಂತು. ತಿಳಿ ಹಸಿರು ರೆಕ್ಕೆ, ಮುಂಗಡೆಯ ಅಂಚಿಗೆ ಕೆಂಗಂದು ಗೆರೆ, ಹಿಂದೆ ತಿರುಚಿಕೊಂಡ ಎರಡು ಬಾಲ. ಒಂದು ಬಾಲದ ತುದಿ ಹರಿದಿತ್ತು. ಬಾವಲಿಯ ಬಾಯಿಂದ ತಪ್ಪಿಸಿಕೊಂಡು ಬಂದಿರಬೇಕು. 160 ವ್ಯಾಟಿನ ಬಲ್ಬಿಗೆ ಇದೇ ಜಾಗದಲ್ಲಿ ಅದು ಒಮ್ಮೆಯೂ ಬಂದಿರಲಿಲ್ಲ.

ಬೆಳಕು ಹರಿಯುವ ಮೊದಲೇ ದೀಪ ಆರಿಸಿ, ಕುಳಿತವನ್ನೆಲ್ಲ ಪೊದೆಗೆ ದಾಟಿಸುತ್ತೇನೆ. ತಡವಾದರೆ ಮಡಿವಾಳ ಹಕ್ಕಿಗಳು ಪರದೆಯನ್ನೇ ಊಟದ ಎಲೆ ಮಾಡಿಕೊಳ್ಳುತ್ತವೆ.

ಜೊತೆಗೆ ಇನ್ನೊಂದು ಪ್ರಯೋಗ ನಡೆದಿದೆ. ಕಳಿತ ಬಾಳೆಹಣ್ಣು, ಬೆಲ್ಲ ಕಲಸಿ ಎರಡು ದಿನ ಹುಳಿಯಲು ಬಿಟ್ಟು ಅಡಿಕೆ ಮರಕ್ಕೆ ಸವರುತ್ತೇನೆ. ಪರದೆಗೆ ಅಪರೂಪವಾದ ಹಣ್ಣು ಹೀರುವ ಪತಂಗಗಳು, ಒಳರೆಕ್ಕೆ ಕಿತ್ತಳೆ ಬಣ್ಣದವು, ಅಲ್ಲಿಗೆ ತಪ್ಪದೆ ಬರುತ್ತವೆ. ಮುಂದಿನ ಮಳೆಗಾಲಕ್ಕೆ ಹಲಸಿನ ಹಣ್ಣನ್ನೂ ಬೆರೆಸಿ ನೋಡುವವನಿದ್ದೇನೆ.