ಅಕ್ರಾಕ್ಕೆ ಹೊಸಬರಾ? ಖಾಲಿ ಡಬ್ಬ ಎಸೆಯುವ ಮುಂಚೆ

ಘಾನಾಕ್ಕೆ ಬಂದ ನಮ್ಮವರಿಗೆ ನಾನು ಮೊದಲು ಹೇಳೋದು ಇದೇ: ಅಡುಗೆ ಎಣ್ಣೆ ಮುಗಿದ ಹಳದಿ ಕ್ಯಾನನ್ನು ಕಸಕ್ಕೆ ಹಾಕಬೇಡಿ. ಚೆನ್ನಾಗಿ ತೊಳೆದು, ಕಾವಲಿನವರಿಗೋ ಮನೆಗೆಲಸದವರಿಗೋ ಬೇಕಾ ಅಂತ ಕೇಳಿ. ಕೊಡುವಾಗ ಬಲಗೈಯಲ್ಲೇ ಕೊಡಿ. ಎಡಗೈ ಚಾಚಿದರೆ ನಮ್ಮೂರಲ್ಲಿ ಬೇಜಾರಾಗುತ್ತಲ್ವಾ, ಇಲ್ಲೂ ಹಾಗೇ.

ಆ ಕ್ಯಾನಿಗೆ ಇಲ್ಲಿನ ಹೆಸರು 'ಕುಫೂರ್ ಗ್ಯಾಲನ್'. ಜಾನ್ ಕುಫೂರ್ 2001ರಿಂದ 2009ರವರೆಗೆ ಅಧ್ಯಕ್ಷರಾಗಿದ್ದರು. ಆ ಕಾಲದ ನೀರಿನ ಬರದಲ್ಲಿ ಜನ ಇದನ್ನೇ ಹಿಡಿದು ಸಾಲು ನಿಂತರು, ಹೆಸರು ಉಳಿಯಿತು. ನಲ್ಲಿ ನಿಂತ ದಿನಕ್ಕೆ ನೀವೂ ಎರಡು ಇಟ್ಟುಕೊಳ್ಳಿ.

ಮಾರ್ಕೆಟ್‌ನಲ್ಲಿ ಅಕ್ಕಿ, ಅಲಸಂದೆ ಸಿಗುವುದು 'ಒಲೊಂಕಾ' ಲೆಕ್ಕದಲ್ಲಿ. ಅದೊಂದು ದೊಡ್ಡ ತಗಡಿನ ಡಬ್ಬ, ನಮ್ಮ ಸೇರು ಇದ್ದ ಹಾಗೆ. ತಳ ಒಳಕ್ಕೆ ತಗ್ಗಿದೆಯಾ ನೋಡಿ. ಕೊಸರು ಕೇಳೋಕೆ ಸಂಕೋಚ ಬೇಡ. 'ಆಂಟಿ, ಪ್ಲೀಸ್' ಅಂತ ಶುರು ಮಾಡಿದರೆ ಇನ್ನೊಂದು ಹಿಡಿ ಬಿದ್ದೇ ಬೀಳುತ್ತದೆ.

ಒಂದು ದಿನ ಬಿಡುವು ಮಾಡಿಕೊಂಡು ಒಡುಮಾಸೆ ಕ್ರೋಬೊಗೆ ಹೋಗಿ. ಒಡೆದ ಬಾಟಲಿಯಿಂದ ಮಣಿ ಮಾಡುವ ಊರದು. ಗಾಜನ್ನು ಕಬ್ಬಿಣದ ಒರಳಲ್ಲಿ ಕುಟ್ಟಿ, ಜರಡಿ ಹಿಡಿದು, ನುಣ್ಣನೆಯ ಪುಡಿಯನ್ನು ಮಣ್ಣಿನ ಅಚ್ಚಿನ ಗುಳಿಗಳಿಗೆ ತುಂಬುತ್ತಾರೆ. ಪ್ರತಿ ಗುಳಿಯ ನಡುವೆ ಮರಗೆಣಸಿನ ಎಲೆಯ ತೊಟ್ಟಿನ ಒಂದು ತುಂಡು ನಿಲ್ಲಿಸುತ್ತಾರೆ. ಗೂಡಿನ ಬೆಂಕಿಯಲ್ಲಿ ಗಾಜು ಕೂಡಿಕೊಳ್ಳುತ್ತದೆ, ತೊಟ್ಟು ಸುಟ್ಟುಹೋಗುತ್ತದೆ. ಅದು ನಿಂತಿದ್ದ ಜಾಗವೇ ದಾರ ಪೋಣಿಸುವ ತೂತು! ಆಮೇಲೆ ಮರಳು, ನೀರು ಹಾಕಿ ಕಲ್ಲಿನ ಮೇಲೆ ಉಜ್ಜಿ ಹೊಳಪು ಕೊಡುತ್ತಾರೆ. ಮೊದಲ ಸಲ ನೋಡಿದಾಗ ನಾನು ಊಟದ ಹೊತ್ತು ಮರೆತು ನಿಂತಿದ್ದೆ. ಅಲ್ಲಿ ಚೌಕಾಸಿ ಜಾಸ್ತಿ ಮಾಡಬೇಡಿ, ಆ ಕೈಗಳ ಶ್ರಮ ಕಣ್ಣಾರೆ ನೋಡಿರುತ್ತೀರಿ. ಕ್ರೋಬೊ ಹುಡುಗಿಯರು ದೊಡ್ಡವರಾಗುವ 'ದಿಪೊ' ಶಾಸ್ತ್ರದಲ್ಲಿ ಮೈತುಂಬ ಮಣಿಸರ ಹಾಕಿಕೊಳ್ಳುತ್ತಾರೆ. ಅವರಿಗೆ ಇದು ಸುಮ್ನೆ ಅಲಂಕಾರವಲ್ಲ.

ಒಂದೇ ಒಂದು ಎಚ್ಚರಿಕೆ, ಪಾತ್ರೆಯದು. ಗುಜರಿ ಅಲ್ಯೂಮಿನಿಯಂ ಕರಗಿಸಿ, ಮರಳಿನ ಅಚ್ಚಿಗೆ ಹೊಯ್ದ ದಪ್ಪ ಪಾತ್ರೆಗಳು ಎಲ್ಲೆಲ್ಲೂ ಸಿಗುತ್ತವೆ. ಗಟ್ಟಿಮುಟ್ಟು, ನೋಡೋಕೂ ಚೆಂದ. ಆದರೆ ಹಳೇ ಎಂಜಿನ್ ಭಾಗವೂ ಅದರಲ್ಲಿ ಸೇರಿರುತ್ತದೆ, ಹುಳಿ ತಗುಲಿದರೆ ಸೀಸ ಬಿಡಬಹುದು. ನಮ್ಮ ಅಡುಗೆಯಲ್ಲಿ ಹುಣಸೆಹಣ್ಣಿಲ್ಲದ ದಿನ ಯಾವುದು ಹೇಳಿ? ಸಾರು, ಹುಳಿ, ಗೊಜ್ಜಿಗೆ ಊರಿಂದ ಒಂದು ಸ್ಟೀಲ್ ಪಾತ್ರೆ ತನ್ನಿ.