ಹನ್ನೆರಡು ದಿನ ಬಾಕಿ

ಬೇಸ್‌ಬಾಲ್ ಬಗ್ಗೆ ನನಗೆ ಗೊತ್ತಿರುವುದರಲ್ಲಿ ಮುಕ್ಕಾಲು ಪಾಲು ರಾತ್ರಿ ಹನ್ನೊಂದೂವರೆಯ ಮೇಲೆ, ನಮ್ಮ ಅಡುಗೆಮನೆಯಲ್ಲಿ ಗೊತ್ತಾಗಿದ್ದು. ನಾವಿರುವುದು ಪೆನ್ಸಿಲ್ವೇನಿಯಾದ ಒಂದು ಸಣ್ಣ ಊರಿನಲ್ಲಿ. ಊರಿಗೊಂದು ಡಬಲ್-ಎ ತಂಡವಿದೆ, ಅಂದರೆ ಈ ಆಟದ ಅತಿ ಮೇಲಿನ ಹಂತವಾದ ಮೇಜರ್ ಲೀಗ್‌ಗೆ ಎರಡು ಮೆಟ್ಟಿಲು ಕೆಳಗೆ. ಏಪ್ರಿಲ್‌ನಿಂದ ಸೆಪ್ಟೆಂಬರ್ ಮೊದಲ ವಾರದವರೆಗೆ ಆಟಗಾರರು ಊರಲ್ಲಿರುತ್ತಿದ್ದರು. ಐದು ತಿಂಗಳಿಗೆ ಬಾಡಿಗೆ ಮನೆ ಹಿಡಿಯುವಷ್ಟು ದುಡ್ಡು ಅವರಲ್ಲಿ ಆಗ ಇರುತ್ತಿರಲಿಲ್ಲ. ಡಬಲ್-ಎ ಆಟಗಾರನ ಕನಿಷ್ಠ ಸಂಬಳ ಆಗ ವಾರಕ್ಕೆ 350 ಡಾಲರ್, ಅದೂ ಸೀಸನ್ ನಡೆಯುವಷ್ಟು ದಿನ ಮಾತ್ರ. ಹಾಗಾಗಿ ಊರಿನ ಸಂಸಾರಗಳೇ ಒಂದೊಂದು ಕೋಣೆ ಬಿಟ್ಟುಕೊಡುವ ರೂಢಿ ಇತ್ತು. 2018ರ ಬೇಸಿಗೆಯಲ್ಲಿ ನಾವೂ ಕೊಟ್ಟೆವು.

ಇಪ್ಪತ್ತರ ಹುಡುಗ ಬರುತ್ತಾನೆ ಅಂದುಕೊಂಡಿದ್ದೆ. ಬಂದವನಿಗೆ ಇಪ್ಪತ್ತೆಂಟು. ಕಣ್ಣಿನ ಸುತ್ತ ಬಿಸಿಲಿನ ಗೆರೆ, ಕೈಯಲ್ಲಿ ಎರಡು ಸೂಟ್‌ಕೇಸ್, ಬೆನ್ನ ಮೇಲೆ ನನ್ನ ಮಗನಷ್ಟು ಉದ್ದದ ಚೀಲ. ಅದು ಅವನ ನಾಲ್ಕನೇ ಸಂಸ್ಥೆ, ಅಂದರೆ ಒಂದು ಮೇಜರ್ ಲೀಗ್ ಕ್ಲಬ್ಬೂ ಅದರ ಕೆಳಗಿನ ತಂಡಗಳೂ ಸೇರಿದ್ದು. ಮೈದಾನದಲ್ಲಿ ಓಟಗಾರರು ಮುಟ್ಟುತ್ತ ಹೋಗುವ ಗುರುತುಗಳಿಗೆ ಬೇಸ್ ಅನ್ನುತ್ತಾರೆ. ಎರಡನೇ ಬೇಸ್, ಮೂರನೇ ಬೇಸ್, ಅವೆರಡರ ನಡುವಿನ ಶಾರ್ಟ್‌ಸ್ಟಾಪ್, ಎಲ್ಲಿ ನಿಲ್ಲಿಸಿದರೂ ನಿಲ್ಲುವವನು. ಯಾವುದೂ ಅವನದೇ ಜಾಗ ಅಲ್ಲ. ಹೆಸರು ಬೇಡ, ನಮ್ಮ ಹುಡುಗ ಅಂದರೆ ಸಾಕು.

ಮೊದಲ ವಾರವೇ ಒಂದು ಜಗಳ ಆಗುವುದರಲ್ಲಿತ್ತು. ಬೆಳಿಗ್ಗೆ ಕೆಳಗಿಳಿದು ಬಂದರೆ ಊಟದ ಮೇಜಿನ ಮೇಲೆ ಸಾಲಾಗಿ ನಾಲ್ಕು ತೊಗಲಿನ ಗ್ಲೌಸ್, ಪಕ್ಕದಲ್ಲಿ ಎಣ್ಣೆ ಡಬ್ಬಿ, ಎರಡು ಮಾರು ದೂರದಲ್ಲಿ ನನ್ನ ದೇವರಮನೆ. ಬಾಯಿಗೆ ಬಂದದ್ದನ್ನು ನುಂಗಿಕೊಂಡು, "ಇಷ್ಟೊಂದು ಯಾಕಪ್ಪಾ?" ಅಂದೆ. ಪಾಪ, ಕುಶಲ ವಿಚಾರಿಸುತ್ತಿದ್ದೇನೆ ಅಂತ ಅವನು ಒಂದೊಂದನ್ನೇ ನನ್ನ ಕೈಗೆ ಕೊಟ್ಟ. ಎರಡನೇ ಬೇಸಿನದು ಎಲ್ಲಕ್ಕಿಂತ ಚಿಕ್ಕದು, ಗುಂಡಿಯ ಆಳವೂ ಕಮ್ಮಿ. ಅಲ್ಲಿ ಚೆಂಡು ಗ್ಲೌಸಿನೊಳಗೆ ಕೂರಬಾರದು, ಕೂತರೆ ಹುಡುಕುವುದರಲ್ಲಿ ಓಟಗಾರ ಬೇಸ್ ಮುಟ್ಟಿರುತ್ತಾನೆ. ಮೂರನೇ ಬೇಸಿನದು ದೊಡ್ಡದು, ಆಳವಾದದ್ದು, ಯಾಕೆಂದರೆ ಅಲ್ಲಿಗೆ ಚೆಂಡು ಗುಂಡಿನ ಹಾಗೆ ಬರುತ್ತದೆ. ಬೆರಳುಗಳೇ ಇಲ್ಲದ ದಪ್ಪನೆಯದು ಮೊದಲನೇ ಬೇಸಿಗೆ. "ಅದನ್ನ ಯಾರೂ ಕೇಳಿಲ್ಲ, ಆದ್ರೂ ಇಟ್ಕೊಂಡಿದೀನಿ" ಅಂದ. ಯಾರಿಗಾದರೂ ಕಾಲು ಉಳುಕಿದ ದಿನ ಮ್ಯಾನೇಜರ್ ಕೇಳಿದರೆ ಇಲ್ಲ ಅನ್ನಬಾರದಲ್ಲ! ಅವನ ಕಸುಬು ಏನು ಅಂತ ನನಗೆ ಹೊಳೆದದ್ದು ಆ ಮಾತಿನಲ್ಲಿ. ಆಮೇಲೆ ಗ್ಲೌಸುಗಳಿಗೆ ಗ್ಯಾರೇಜಿನಲ್ಲಿ ಒಂದು ಶೆಲ್ಫ್ ಆಯಿತು.

ಆಟಗಾರನನ್ನು ಮನೆಯಲ್ಲಿಟ್ಟುಕೊಳ್ಳುವುದು ಕಷ್ಟವಲ್ಲ, ನಮ್ಮ ಗಡಿಯಾರವನ್ನು ತಿರುಗಿಸಿಡಬೇಕು, ಅಷ್ಟೆ. ಕೋಣೆಗೆ ಕಪ್ಪು ಪರದೆ ಹಾಕಿದೆ, ಹತ್ತರವರೆಗೆ ಮಿಕ್ಸಿ ನಿಲ್ಲಿಸಿದೆ. ಮಾಂಸ ಬೇಕಾದರೆ ಹಿತ್ತಲ ಗ್ರಿಲ್, ಪಾತ್ರೆ ಅವನದೇ. ನಿಜವಾದ ಊಟ ಆಟ ಮುಗಿದ ಮೇಲೆ. ಪರ ಊರಿನ ಆಟವಿದ್ದರೆ ರಾತ್ರಿಯಿಡೀ ಬಸ್ಸು. ಮೇನ್ ರಾಜ್ಯದ ಪೋರ್ಟ್‌ಲ್ಯಾಂಡ್‌ವರೆಗೂ ಬಸ್ಸೇ. ಪ್ರಯಾಣದ ದಿನಗಳಲ್ಲಿ ಊಟಕ್ಕೆ ದಿನಕ್ಕೆ 25 ಡಾಲರ್ ಕೊಡುತ್ತಿದ್ದರು. ನಾನು ಡಬ್ಬಿಗೆ ಪುಳಿಯೋಗರೆ ಹಾಕಿ ಕಳಿಸುತ್ತಿದ್ದೆ. ಮೊಸರನ್ನ ಒಮ್ಮೆ ಕಳಿಸಿದ್ದೆ. ಬಸ್ಸಿನಲ್ಲಿ ಏನಾಯಿತು ಅಂತ ಅವನು ಹೇಳಲಿಲ್ಲ, ಡಬ್ಬಿ ಮಾತ್ರ ವಾಪಸ್ ಬರಲಿಲ್ಲ.

ನಾನು ಮಾಡಿದ ದೊಡ್ಡ ತಪ್ಪು ಒಂದೇ. ಮೊದಮೊದಲು ಬಾಗಿಲು ತೆಗೆದ ಕೂಡಲೇ "ಇವತ್ತು ಎಷ್ಟು ಹೊಡೆದೆ?" ಅಂತ ಕೇಳುತ್ತಿದ್ದೆ, ಮಗ ಪರೀಕ್ಷೆ ಬರೆದು ಬಂದಾಗ ಕೇಳುವ ಹಾಗೆ. ನಾಲ್ಕು ಸಲ ಬ್ಯಾಟ್ ಹಿಡಿದು ಒಂದೂ ಹಿಟ್ ಬಾರದ ದಿನ ಆ ಪ್ರಶ್ನೆ ಹೇಗಿರುತ್ತದೆ ಅಂತ ಅವನ ಮುಖವೇ ಹೇಳಿತು. ಆಮೇಲೆ "ಹಸಿವಾ?" ಅಂತಷ್ಟೇ ಕೇಳುವುದು ಕಲಿತೆ. ಅವನು ಬೇಗ ಕಲಿತ ಕನ್ನಡ ಪದ "ಸಾಕು". ನಮ್ಮ ಮನೆಯಲ್ಲಿ ಆ ಪದ ಗೊತ್ತಿಲ್ಲದವರು ಬದುಕುವುದು ಕಷ್ಟ.

ಬೆಳಿಗ್ಗೆ ಹಿತ್ತಲಲ್ಲಿ ಅವನೂ ಹನ್ನೊಂದು ವರ್ಷದ ನನ್ನ ಮಗನೂ ಡಬಲ್ ಪ್ಲೇ ಅಭ್ಯಾಸ ಮಾಡುತ್ತಿದ್ದರು. ಒಂದೇ ಚೆಂಡಿಗೆ ಇಬ್ಬರನ್ನು ಔಟ್ ಮಾಡುವುದು. ಬೇಸ್‌ಬಾಲ್‌ನಲ್ಲಿ ಪ್ರತಿ ಸ್ಥಾನಕ್ಕೂ ಒಂದು ಸಂಖ್ಯೆ: ಮೊದಲನೇ ಬೇಸ್ ಮೂರು, ಎರಡನೆಯದು ನಾಲ್ಕು, ಶಾರ್ಟ್‌ಸ್ಟಾಪ್ ಆರು. ಮಗ "ಆರು-ನಾಲ್ಕು-ಮೂರು" ಅಂತ ಮಗ್ಗಿ ಹೇಳಿದ ಹಾಗೆ ಕೂಗುತ್ತ ಚೆಂಡು ಎಸೆಯುವನು. ಬೇಸಿನ ಬದಲು ನನ್ನ ಹಳೇ ಕಾಲೊರೆಸು. ನಮ್ಮ ಹುಡುಗ ಎಡಗಾಲನ್ನು ಅದರ ಅಂಚಿಗೆ ತಾಗಿಸುವಷ್ಟರಲ್ಲಿ ಸೊಂಟ ಆಗಲೇ ಅತ್ತ ತಿರುಗಿರುತ್ತಿತ್ತು. ಚೆಂಡು ಗ್ಲೌಸಿಗೆ ಬಂದದ್ದು ಕಾಣುತ್ತಿರಲಿಲ್ಲ, ಬಲಗೈಯಿಂದ ಹೊರಟದ್ದು ಮಾತ್ರ ಕಾಣುತ್ತಿತ್ತು. ಅದಕ್ಕೆಂದೇ ಒಂದು ಐದನೇ ಗ್ಲೌಸ್: ಗುಂಡಿಯೇ ಇಲ್ಲದ, ಚಪ್ಪಟೆಯ ತೊಗಲು. ಹಿಡಿಯಲು ಹೋದರೆ ಚೆಂಡು ಜಾರುತ್ತದೆ. ಅಂಗೈಯಲ್ಲಿ ತಡೆದು ಇನ್ನೊಂದು ಕೈಗೆ ದಾಟಿಸಿಬಿಡಬೇಕು. ಅವರು ಅದನ್ನು ಪ್ಯಾನ್‌ಕೇಕ್ ಅನ್ನುತ್ತಾರೆ. ನಮ್ಮಲ್ಲಿ ಅದಕ್ಕೆ ದೋಸೆ ಗ್ಲೌಸ್ ಅಂತ ಹೆಸರಾಯಿತು.

ಇಷ್ಟು ಚೆನ್ನಾಗಿ ಆಡುವವನು ಮೇಲೆ ಯಾಕೆ ಹೋಗಲಿಲ್ಲ ಅಂತ ಒಂದು ರಾತ್ರಿ ಕೇಳಿಯೇಬಿಟ್ಟೆ. ಹೋಗಿದ್ದ. ಎರಡು ವರ್ಷದ ಹಿಂದೆ, ಬೇರೆ ಸಂಸ್ಥೆಯಲ್ಲಿದ್ದಾಗ, 31 ದಿನ. ಮೇಜರ್ ಲೀಗ್‌ನಲ್ಲಿ ಅಷ್ಟು ಚಿಕ್ಕ ವಾಸಕ್ಕೆ ಆ ಆಟದವರು ಒಂದು ಕಪ್ ಕಾಫಿ ಕುಡಿದು ಬಂದ ಅನ್ನುತ್ತಾರಂತೆ. ಹಾಸನದ ಕಡೆಯವಳಾದ ನನಗೆ ಕಾಫಿ ಅಂದರೆ ಇಷ್ಟು ಸಣ್ಣ ವಿಷಯವಾ ಅನ್ನಿಸಿತು. ಇದು ಬೈ-ಟು ಕಾಫಿ ಅಂದೆ, ಅರ್ಥ ಬಿಡಿಸಿ ಹೇಳಿದ ಮೇಲೆ ಅವನೂ ನಕ್ಕ. ಮೇಜರ್ ಲೀಗ್‌ನಲ್ಲಿ ಒಂದು ವರ್ಷದ ಸೇವೆ ಅಂದರೆ 172 ದಿನ. ಅದರ ಕಾಲು ಭಾಗ, 43 ದಿನ, ತಂಡದ ಪಟ್ಟಿಯಲ್ಲಿದ್ದರೆ ಮುಂದೆ ಪಿಂಚಣಿಗೆ ಹಕ್ಕು. ಆಡಲೇಬೇಕೆಂದಿಲ್ಲ, ಬೆಂಚಿನ ಮೇಲೆ ಕೂತರೂ ಲೆಕ್ಕ. ಅವನಿಗೆ ಬಾಕಿ ಇದ್ದದ್ದು ಹನ್ನೆರಡು ದಿನ. ಆ ಬೇಸಿಗೆ ನಾನು ದೀಪ ಹಚ್ಚುವಾಗ ಹನ್ನೆರಡು ಅನ್ನುವ ಸಂಖ್ಯೆ ಎಷ್ಟೋ ಸಲ ಮನಸ್ಸಿಗೆ ಬಂದಿದೆ. ಇಂಥದ್ದನ್ನೆಲ್ಲ ದೇವರಲ್ಲಿ ಕೇಳಬಹುದೋ ಇಲ್ಲವೋ, ಕೇಳಿದೆ.

ಜುಲೈನಲ್ಲಿ ಕೆಳಗಿನ ತಂಡದಿಂದ ಒಬ್ಬ ಹೊಸ ಶಾರ್ಟ್‌ಸ್ಟಾಪ್ ಬಂದ. ಇಪ್ಪತ್ತೊಂದು ವರ್ಷ, ಡ್ರಾಫ್ಟಿನಲ್ಲಿ, ಅಂದರೆ ಕ್ಲಬ್‌ಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸಿಕೊಳ್ಳುವಾಗ, ದೊಡ್ಡ ದುಡ್ಡು ಕೊಟ್ಟು ತೆಗೆದುಕೊಂಡ ಹುಡುಗ. ಅಂಥವರಿಗೆ ಪ್ರಾಸ್ಪೆಕ್ಟ್ ಅನ್ನುತ್ತಾರೆ. ಅವರು ದಿನಾ ಆಡಲೇಬೇಕು. ನಮ್ಮ ಹುಡುಗನಂಥವರು ಇರುವುದು ಅವರ ಪಕ್ಕದಲ್ಲಿ ನಿಲ್ಲಲು, ಸರಿಯಾದ ಎತ್ತರಕ್ಕೆ ಚೆಂಡು ಕೊಡಲು, ಬ್ಯಾಟ್ಸ್‌ಮನ್ ನೋಡಿ ಎರಡು ಹೆಜ್ಜೆ ಆಚೆ ನಿಲ್ಲು ಅಂತ ಹೇಳಲು. ಮೂರು ವಾರ ಆ ಮಗುವಿಗೆ ಎಲ್ಲವನ್ನೂ ಹೇಳಿಕೊಟ್ಟ. ಒಂದು ಭಾನುವಾರ ಊಟಕ್ಕೂ ಕರೆತಂದಿದ್ದ. ಇಬ್ಬರೂ ತಟ್ಟೆಯ ಅಂಚಿಗೆ ಕರಿಬೇವು ತೆಗೆದಿಡುತ್ತಿದ್ದರು. ಒಗ್ಗರಣೆಗೆ ಬೇಕು, ಬಾಯಿಗೆ ಬೇಡ ಅಂತ ನನ್ನ ಯಜಮಾನರು ಮಾಮೂಲಿ ತಮಾಷೆ ಮಾಡಿದರು. ಆ ದಿನ ಆ ಮಾತು ನನಗೆ ಯಾಕೋ ರುಚಿಸಲಿಲ್ಲ.

ಅದಾಗಿ ನಾಲ್ಕೇ ದಿನ. ರಾತ್ರಿ ಹನ್ನೆರಡೂಕಾಲಿಗೆ ಬಂದ. ಗ್ಲೌಸುಗಳನ್ನು ಗ್ಯಾರೇಜಿನಲ್ಲಿಡದೆ ಚೀಲ ಸಮೇತ ಒಳಗೆ ತಂದಿದ್ದ. ನಾನು ಏನೂ ಅನ್ನಲಿಲ್ಲ. ಬೇಳೆಸಾರು ಬಿಸಿ ಮಾಡಿದೆ. ಎರಡು ಸಲ ಹಾಕಿಸಿಕೊಂಡು, ಮೂರನೇ ಸಲ ಸೌಟು ಎತ್ತಿದಾಗ "ಸಾಕು" ಅಂದ. ಆಮೇಲೆ ಹೇಳಿದ: ಆಟ ಮುಗಿದ ಮೇಲೆ ಮ್ಯಾನೇಜರ್ ಒಳಗೆ ಕರೆದರು, ಬಾಗಿಲು ಹಾಕಿದರು. ಐದು ನಿಮಿಷವೂ ಆಗಲಿಲ್ಲವಂತೆ. ಬಾಗಿಲು ಹಾಕಿದಾಗಲೇ ಗೊತ್ತಾಯಿತು ಅಂದ. ಯಾರ ಮೇಲೂ ಕೋಪ ಇರಲಿಲ್ಲ. ಇದ್ದ ಕೋಪವೆಲ್ಲ ನನ್ನದೇ.

ಅಲ್ಲಿಗೆ ಅವನು ಆಟ ಬಿಡಲಿಲ್ಲ. ಮೇಜರ್ ಲೀಗ್‌ಗೆ ಸೇರದ ಅಟ್ಲಾಂಟಿಕ್ ಲೀಗ್ ಅಂತ ಒಂದಿದೆ, ನಮ್ಮ ರಾಜ್ಯದ ಲ್ಯಾಂಕಾಸ್ಟರ್, ಯಾರ್ಕ್‌ಗಳಲ್ಲಿ ಅದರ ತಂಡಗಳಿವೆ. ಹೀಗೆ ತಂಡದಿಂದ ಕೈಬಿಡಲ್ಪಟ್ಟವರು, ಗಾಯದಿಂದ ಎದ್ದವರು ಅಲ್ಲಿ ಆಡುತ್ತ ಫೋನ್ ಕಾಯುತ್ತಾರೆ. ಆಗಸ್ಟ್‌ನಲ್ಲಿ ಒಂದು ಆಟ ನೋಡಲು ನಾವು ಮೂವರೂ ಹೋಗಿದ್ದೆವು. ಆವತ್ತು ಅವನು ನಿಂತದ್ದು ಮೊದಲನೇ ಬೇಸಿನಲ್ಲಿ, ಯಾರೂ ಕೇಳದ ಆ ದಪ್ಪ ಗ್ಲೌಸ್ ಹಾಕಿಕೊಂಡು. ಮುಂದಿನ ವರ್ಷ ಐದನೇ ಸಂಸ್ಥೆ. 2020ರಲ್ಲಿ ಕೊರೊನಾದಿಂದ ಮೈನರ್ ಲೀಗ್, ಅಂದರೆ ಮೇಜರ್ ಲೀಗ್‌ನ ಕೆಳಗಿನ ಹಂತಗಳ, ಸೀಸನ್ನೇ ರದ್ದಾಯಿತು. ಅವನಿಗೆ ಮೂವತ್ತಾಗಿತ್ತು. ದಿನದ ಲೆಕ್ಕ 31ಕ್ಕೇ ನಿಂತಿತು.

ಈಗ ಕಾಲ ಬದಲಾಗಿದೆ. 2022ರಿಂದ ಆಟಗಾರರ ವಸತಿಯನ್ನು ಕ್ಲಬ್‌ಗಳೇ ನೋಡಿಕೊಳ್ಳುತ್ತವೆ. 2023ರಲ್ಲಿ ಅವರ ಸಂಘ ಮಾಡಿಕೊಂಡ ಮೊದಲ ಒಪ್ಪಂದದ ಪ್ರಕಾರ ಡಬಲ್-ಎ ಆಟಗಾರನಿಗೆ ವರ್ಷಕ್ಕೆ ಕನಿಷ್ಠ 30,250 ಡಾಲರ್ ಆಯಿತು. ನ್ಯಾಯವಾದದ್ದೇ. ನಮ್ಮ ಮೇಲಿನ ಕೋಣೆ ಖಾಲಿಯಾಯಿತು, ಅದು ಬೇರೆ ಮಾತು.

ಅದೇ ವರ್ಷ ಏಪ್ರಿಲ್ 26ರಂದು ಟಿವಿಯಲ್ಲಿ ಪಿಟ್ಸ್‌ಬರ್ಗ್ ಪೈರೇಟ್ಸ್ ಆಟ ನೋಡುತ್ತಿದ್ದೆವು. ಡ್ರೂ ಮ್ಯಾಗಿ ಅನ್ನುವ 33 ವರ್ಷದ ಇನ್‌ಫೀಲ್ಡರ್, ನಮ್ಮ ಹುಡುಗನ ಹಾಗೆ ಬೇಸ್‌ಗಳ ಹತ್ತಿರ ನಿಲ್ಲುವವನು, ಮೇಜರ್ ಲೀಗ್‌ನಲ್ಲಿ ಮೊದಲ ಸಲ ಬ್ಯಾಟ್ ಹಿಡಿದು ಬಂದ. 2010ರಲ್ಲಿ ಅದೇ ಪೈರೇಟ್ಸ್ ಅವನನ್ನು ಡ್ರಾಫ್ಟಿನಲ್ಲಿ ತೆಗೆದುಕೊಂಡಿದ್ದರು. ಆಮೇಲೆ ಊರೂರು ಸುತ್ತಿ ಮೈನರ್ ಲೀಗ್‌ನಲ್ಲಿ ಸಾವಿರದ ನೂರಕ್ಕೂ ಹೆಚ್ಚು ಆಟ ಆಡಿದ್ದ. 2021ರಲ್ಲಿ ಮಿನೆಸೋಟ ತಂಡದವರು ಮೇಲಕ್ಕೆ ಕರೆದು, ಮೈದಾನಕ್ಕಿಳಿಸದೆಯೇ ವಾಪಸ್ ಕಳಿಸಿದ್ದರು. ಈಗ ಜನರೆಲ್ಲ ಎದ್ದು ನಿಂತು ಅವನ ಹೆಸರು ಕೂಗುತ್ತಿದ್ದರು. ಅವನು ಸ್ಟ್ರೈಕ್‌ಔಟ್ ಆದ, ಅಂದರೆ ಮೂರು ಸ್ಟ್ರೈಕ್ ಆಗಿ ಔಟ್. ಮೂರು ದಿನ ಬಿಟ್ಟು ವಾಷಿಂಗ್ಟನ್‌ನಲ್ಲಿ ಮೊದಲ ಹಿಟ್ ಹೊಡೆದ ಅನ್ನಿ.

ನಮ್ಮ ಹುಡುಗನಿಗೆ ಮೆಸೇಜ್ ಹಾಕಿದೆ, ನೋಡಿದೆಯಾ ಅಂತ. ಈಗ ಓಹಾಯೋದಲ್ಲಿ ಶಾಲೆ ಮಕ್ಕಳಿಗೆ ಕೋಚ್ ಆಗಿದ್ದಾನೆ. ಬಹಳ ಹೊತ್ತು ಉತ್ತರವಿಲ್ಲ. ಮಲಗುವ ಮುಂಚೆ ಫೋನ್ ಮಿನುಗಿತು. "ನನ್ನ ದೋಸೆ ಗ್ಲೌಸ್ ಇನ್ನೂ ಅಲ್ಲೇ ಇದೆಯಾ?" ಆ ಜುಲೈನ ಗಡಿಬಿಡಿಯಲ್ಲಿ ಅದು ಗ್ಯಾರೇಜಿನ ಶೆಲ್ಫಿನಲ್ಲೇ ಉಳಿದುಹೋಗಿತ್ತು.

ಮಗ ಅದನ್ನೇ ಹಾಕಿಕೊಂಡು ಆಡುತ್ತಾನೆ, ಕಳಿಸಿಕೊಡಲಾ ಅಂತ ಬರೆದೆ.

"ಬೇಡ. ಅದರ ಲೇಸ್ ಹಳೇದಾಗಿರತ್ತೆ, ಬದಲಾಯಿಸೋಕೆ ಹೇಳಿ."